ಅಧಿಕಾರವಿಲ್ಲದ ಗ್ರಂಥಪಾಲಕರು ಗ್ರಂಥಾಲಯವನ್ನು ಮುನ್ನಡೆಸುವುದು ಹೇಗೆ? – ಗಡಿನಾಡಿನ ಚರ್ಚೆ

ಪೆರ್ಲದ ಗ್ರಂಥಪಾಲಕಿ

ಎಲ್ಲರಿಗೂ ನಮಸ್ಕಾರ. ಕೇರಳದ ಕಾಸರಗೋಡು ಜಿಲ್ಲೆಯ ಪೆರ್ಲದ ಸಮೀಪದ ಒಂದು ಗ್ರಾಮೀಣ ಗ್ರಂಥಾಲಯದಲ್ಲಿ ಈ ವರ್ಷ ಗ್ರಂಥಪಾಲಕಿಯಾಗಿ ಸೇರಿಕೊಂಡಿದ್ದೇನೆ. ಊರಿನವರೇ ಜಾಗ ಕೊಟ್ಟು, ಕಲ್ಲು ಹೊತ್ತು ಕಟ್ಟಿದ ಗ್ರಂಥಾಲಯವಿದು. ಈಗ ರಾಜ್ಯದ ಗ್ರಂಥಾಲಯಗಳನ್ನು ನೋಡಿಕೊಳ್ಳುವ ಲೈಬ್ರರಿ ಕೌನ್ಸಿಲಿನ ಅಂಗೀಕಾರವಿದೆ, ವಾರ್ಷಿಕ ಅನುದಾನ ಬರುತ್ತದೆ, ನನಗೆ ಒಂದಿಷ್ಟು ಗೌರವಧನವೂ ಇದೆ. ಗ್ರಂಥಾಲಯ ವಿಜ್ಞಾನದ ಸರ್ಟಿಫಿಕೇಟ್ ಕೋರ್ಸು ಮುಗಿಸಿ ಬಂದಿರುವುದರಿಂದ ವರ್ಗೀಕರಣ, ಸೂಚೀಕರಣ, ವಿತರಣೆಯಂತಹ ಕೆಲಸಗಳು ನನಗೆ ಹೊಸತಲ್ಲ. ಆದರೆ ಆ ಕೋರ್ಸಿನಲ್ಲಿ ಯಾರೂ ಹೇಳಿಕೊಡದ ಒಂದು ಸಂಗತಿ ಈಗ ದಿನವೂ ಎದುರಾಗುತ್ತಿದೆ.

ಯಾವ ಪುಸ್ತಕ ಕೊಳ್ಳಬೇಕು, ಎಷ್ಟು ಹೊತ್ತು ತೆರೆದಿರಬೇಕು, ಯಾವ ಕಪಾಟಿಗೆ ಬೀಗ ಹಾಕಬೇಕು ಎಂಬುದನ್ನೆಲ್ಲ ನಮ್ಮಲ್ಲಿ ನಿಶ್ಚಯಿಸುವುದು ಕಾರ್ಯಕಾರಿ ಸಮಿತಿ. ಸಮಿತಿಯವರು ಊರಿನ ಹಿರಿಯರು, ಗ್ರಂಥಾಲಯಕ್ಕಾಗಿ ಕೈಯಿಂದ ಹಣ ಹಾಕಿದವರು, ಅವರ ಮೇಲೆ ನನಗೆ ಗೌರವವಿದೆ. ಆದರೂ ಸಭೆಯಲ್ಲಿ ನನ್ನ ಪಾಲಿಗಿರುವುದು ನಡಾವಳಿ ಬರೆಯುವ ಕೆಲಸ ಮಾತ್ರ. ಕನ್ನಡದ ಹಳೆಯ, ಒಳ್ಳೆಯ ಪುಸ್ತಕಗಳೆಲ್ಲ ಬೀಗ ಹಾಕಿದ ಗಾಜಿನ ಕಪಾಟಿನಲ್ಲಿವೆ. ಪುಸ್ತಕ ಬೇಕಾದವರು ಪಟ್ಟಿ ನೋಡಿ ಕೇಳಬೇಕು, ಆ ಪಟ್ಟಿಗೆ ಎಷ್ಟೋ ವರ್ಷಗಳಿಂದ ಹೊಸ ಹೆಸರು ಸೇರಿಲ್ಲ. ರಿಜಿಸ್ಟರಿನಲ್ಲಿರುವ ಅನೇಕ ಪುಸ್ತಕಗಳು ಕಪಾಟಿನಲ್ಲಿ ಇಲ್ಲ. ಸಂಜೆ ಪತ್ರಿಕೆ ಓದಲು ಹಿರಿಯರು ಬರುತ್ತಾರೆ, ಮಕ್ಕಳೂ ಮಹಿಳೆಯರೂ ಬರುವುದು ಬಲು ಕಡಿಮೆ.

ಬದಲಾಯಿಸಬೇಕಾದದ್ದು ಏನೆಂಬುದು ನನಗೆ ಕಾಣುತ್ತಿದೆ, ಬದಲಾಯಿಸುವ ಅಧಿಕಾರ ಮಾತ್ರ ನನ್ನಲ್ಲಿಲ್ಲ. ಇಂಥ ಸ್ಥಾನದಲ್ಲಿದ್ದುಕೊಂಡು ಗ್ರಂಥಾಲಯಕ್ಕೆ ನೇತೃತ್ವ ಕೊಡಲು ಸಾಧ್ಯವೇ? ಅನುಭವವಿರುವವರು ದಯವಿಟ್ಟು ವಿವರವಾಗಿ ತಿಳಿಸಬೇಕೆಂದು ಕೇಳಿಕೊಳ್ಳುತ್ತೇನೆ.

ನಿವೃತ್ತ ಗ್ರಂಥಪಾಲಕ, ಕಾಸರಗೋಡು

ತಂಗೀ, ನಿಮ್ಮ ಪ್ರಶ್ನೆ ಬಹಳ ಮಂದಿಯದು, ಕೇಳುವವರು ಮಾತ್ರ ವಿರಳ. ನಾನು ಕಾಲೇಜು ಗ್ರಂಥಾಲಯದಲ್ಲಿದ್ದವನು. ಅಲ್ಲಿಯೂ ಸಮಿತಿ, ಪ್ರಾಂಶುಪಾಲರು, ವಿಭಾಗ ಮುಖ್ಯಸ್ಥರು ಎಂದು ನನ್ನ ಮೇಲೆ ಹಲವರಿದ್ದರು. ಆ ವರ್ಷಗಳಲ್ಲಿ ನನಗೆ ಮನದಟ್ಟಾದದ್ದು ಇಷ್ಟು: ಸಂಗ್ರಹದಲ್ಲಿ ಏನಿದೆ, ಏನಿಲ್ಲ, ಯಾರು ಏನು ಕೇಳಿಕೊಂಡು ಬಂದರು, ಯಾರು ಬರಿಗೈಯಲ್ಲಿ ಹಿಂದಿರುಗಿದರು ಎಂಬುದನ್ನು ಸಭೆಯಲ್ಲಿ ಕುಳಿತವರೆಲ್ಲರಿಗಿಂತ ಖಚಿತವಾಗಿ ಬಲ್ಲವರು ಗ್ರಂಥಪಾಲಕರು, ಮತ್ತು ಆ ಅರಿವನ್ನು ಬರಹದಲ್ಲಿ ಸಭೆಯ ಮುಂದಿಡುವುದೇ ಅವರ ನೇತೃತ್ವ. ಪದವಿ ಕೊಡುವ ಅಧಿಕಾರಕ್ಕಿಂತ ಇದು ನಿಧಾನವಾಗಿ ಕೆಲಸ ಮಾಡುತ್ತದೆ, ಆದರೆ ಪದವಿ ಹೋದರೂ ಇದು ಹೋಗುವುದಿಲ್ಲ.

ಭಾರತದ ಗ್ರಂಥಾಲಯ ವಿಜ್ಞಾನಕ್ಕೆ ತಳಹದಿ ಹಾಕಿದ ಎಸ್. ಆರ್. ರಂಗನಾಥನ್ ಅವರ ಬದುಕಿನ ಒಂದು ಭಾಗವನ್ನು ಇಲ್ಲಿ ನೆನಪಿಸಬೇಕು. ಅವರು 1917ರಲ್ಲಿ ಗಣಿತದ ಅಧ್ಯಾಪಕರಾಗಿ ಕೆಲಸ ಆರಂಭಿಸಿದ್ದು ನಮ್ಮ ಮಂಗಳೂರಿನ ಸರಕಾರಿ ಕಾಲೇಜಿನಲ್ಲಿ, ಆಗ ಕಾಸರಗೋಡು ಕೂಡ ಅದೇ ಜಿಲ್ಲೆಯ ತಾಲೂಕು. 1924ರಲ್ಲಿ ಮದ್ರಾಸು ವಿಶ್ವವಿದ್ಯಾನಿಲಯದ ಗ್ರಂಥಪಾಲಕರಾದಾಗ ಅವರಿಗೆ ಆ ಕೆಲಸ ಹಿಡಿಸದೆ ಪಾಠದ ಕೆಲಸಕ್ಕೇ ಮರಳಲು ಬಯಸಿದ್ದರು. ಲಂಡನ್ನಿಗೆ ಹೋಗಿ ಅಲ್ಲಿನ ಗ್ರಂಥಾಲಯಗಳು ಜನರ ನಿತ್ಯದ ಬದುಕಿನಲ್ಲಿ ಹೇಗೆ ಬೆರೆತಿವೆ ಎಂಬುದನ್ನು ಕಣ್ಣಾರೆ ಕಂಡ ಮೇಲೆ ಅವರ ಮನಸ್ಸು ತಿರುಗಿತು. ಹಿಂದಿರುಗಿ ಬಂದು 1931ರಲ್ಲಿ ಐದು ಸೂತ್ರಗಳನ್ನು ಪ್ರಕಟಿಸಿದರು: ಪುಸ್ತಕಗಳು ಬಳಕೆಗಾಗಿ ಇವೆ, ಪ್ರತಿ ಓದುಗನಿಗೂ ಅವನ ಪುಸ್ತಕವಿದೆ, ಪ್ರತಿ ಪುಸ್ತಕಕ್ಕೂ ಅದರ ಓದುಗನಿದ್ದಾನೆ, ಓದುಗನ ಸಮಯ ಉಳಿಸಬೇಕು, ಗ್ರಂಥಾಲಯ ಬೆಳೆಯುವ ಜೀವಿ. ಪರೀಕ್ಷೆಗೆ ಬಾಯಿಪಾಠ ಮಾಡಿದ ಈ ಐದು ವಾಕ್ಯಗಳನ್ನು ನೀವು ಸಮಿತಿಯ ಮುಂದೆ ವಾದಗಳಾಗಿ ಬಳಸಬಹುದು. ನಿಮ್ಮ ಗಾಜಿನ ಕಪಾಟಿನ ಬೀಗ ಮೊದಲನೆಯ ಸೂತ್ರಕ್ಕೇ ವಿರುದ್ಧವಾಗಿದೆ.

ಹಾಗೆಂದು ನಾಳೆಯೇ ಬೀಗ ತೆಗೆಯಿರಿ ಎನ್ನಲು ಹೊರಡಬೇಡಿ. ಮೊದಲು ಒಂದು ನೋಟುಪುಸ್ತಕ ಇಡಿ. ಯಾರಾದರೂ ಒಂದು ಪುಸ್ತಕ ಕೇಳಿ ಅದು ಸಿಗದೆ ಹೋದರೆ ದಿನಾಂಕ, ಪುಸ್ತಕದ ಹೆಸರು, ಸಿಗದಿರಲು ಕಾರಣ ಇವುಗಳನ್ನು ಒಂದೊಂದು ಸಾಲಿನಲ್ಲಿ ಬರೆಯಿರಿ. ಕೊಂಡೇ ಇಲ್ಲವೋ, ಇದ್ದೂ ಕಳೆದುಹೋಗಿದೆಯೋ, ಬೇರೆಯವರ ಬಳಿ ಇದೆಯೋ, ಬೀಗದ ಒಳಗಿದ್ದು ಬೀಗದಕೈ ಇರುವವರು ಊರಲ್ಲಿಲ್ಲವೋ ಎಂಬುದು ಅದರಲ್ಲಿ ತಿಳಿಯಬೇಕು. ಕೆಲವು ತಿಂಗಳು ಕಳೆದಾಗ ಆ ಪುಸ್ತಕವೇ ನಿಮ್ಮ ಪರವಾಗಿ ಮಾತನಾಡುತ್ತದೆ. ‘ಓದುಗರಿಗೆ ಅನನುಕೂಲವಾಗಿದೆ’ ಎಂದು ನೀವು ಹೇಳಿದರೆ ಅದು ನಿಮ್ಮ ಅಭಿಪ್ರಾಯ, ಯಾರು ಬೇಕಾದರೂ ತಳ್ಳಿಹಾಕಬಹುದು. ಇಂಥ ದಿನ ಇಂಥ ಪುಸ್ತಕ ಕೇಳಿದವರನ್ನು ಇಂಥ ಕಾರಣಕ್ಕೆ ಹಿಂದೆ ಕಳುಹಿಸಬೇಕಾಯಿತು ಎಂಬ ದಾಖಲೆಯನ್ನು ತಳ್ಳಿಹಾಕುವುದು ಕಷ್ಟ.

ಎರಡನೆಯದು ಸ್ಟಾಕ್ ಪರಿಶೀಲನೆ. ರಿಜಿಸ್ಟರಿನ ಪರಿಗ್ರಹಣ ಸಂಖ್ಯೆಗಳನ್ನು, ಅಂದರೆ ಪ್ರತಿ ಪುಸ್ತಕಕ್ಕೂ ಕೊಟ್ಟ ಕ್ರಮಸಂಖ್ಯೆಗಳನ್ನು, ಹಾಳೆಗಳಲ್ಲಿ ಕ್ರಮವಾಗಿ ಬರೆದುಕೊಂಡು, ಒಂದೊಂದು ಕಪಾಟಿನ ಪುಸ್ತಕಗಳನ್ನು ಇಳಿಸಿ, ಸಂಖ್ಯೆ ನೋಡಿ ಗುರುತು ಹಾಕುತ್ತ ಹೋಗುವುದು. ಒಬ್ಬರು ಸಂಖ್ಯೆ ಓದಬೇಕು, ಇನ್ನೊಬ್ಬರು ಗುರುತು ಹಾಕಬೇಕು. ಇದಕ್ಕೆ ಸಮಿತಿಯ ಸದಸ್ಯರನ್ನೇ ಕರೆಯಿರಿ, ನಾನು ಒತ್ತಿ ಹೇಳುವ ಮಾತು ಇದೇ. ಕಪಾಟಿನ ಕೆಳತಟ್ಟಿನಲ್ಲಿ ಬೂಸ್ಟು ಹಿಡಿದು ಒಂದಕ್ಕೊಂದು ಅಂಟಿಕೊಂಡ ಹತ್ತು ಪುಸ್ತಕಗಳನ್ನು ಕೈಯಲ್ಲಿ ಬಿಡಿಸಿ ನೋಡಿದ ಸದಸ್ಯರಿಗೆ ಕಪಾಟಿನ ಬಗ್ಗೆ ನೀವು ಬೇರೆ ವಿವರಣೆ ಕೊಡಬೇಕಾಗಿಯೇ ಬರುವುದಿಲ್ಲ. ನಮ್ಮ ಕರಾವಳಿಯ ಮಳೆಗಾಲದಲ್ಲಿ ಕೆಂಪುಕಲ್ಲಿನ ಗೋಡೆ ನೀರು ಹೀರುತ್ತದೆ. ಗೋಡೆಗೆ ತಾಗಿಸಿ ನಿಲ್ಲಿಸಿದ ಕಪಾಟಿನಲ್ಲಿ ಹಿಂದಿನ ಸಾಲು ಮೊದಲು ಕೆಡುತ್ತದೆ. ಗಾಜಿನ ಬಾಗಿಲು ಮುಚ್ಚಿಯೇ ಇದ್ದರೆ ಗಾಳಿಯಾಡದೆ ಇನ್ನೂ ಬೇಗ ಕೆಡುತ್ತದೆ, ಅಂದರೆ ಕಾಪಾಡಲೆಂದು ಹಾಕಿದ ಬೀಗವೇ ಪುಸ್ತಕವನ್ನು ಕೆಡಿಸುತ್ತಿರಬಹುದು. ಕಪಾಟನ್ನು ಗೋಡೆಯಿಂದ ಒಂದು ಗೇಣು ಮುಂದಕ್ಕೆ ಸರಿಸಿ, ಕಾಲುಗಳ ಕೆಳಗೆ ಕಲ್ಲು ಕೊಟ್ಟು ಎತ್ತರಿಸಿ. ಮಳೆ ಬಿಟ್ಟ ಮೇಲೆ ಪುಸ್ತಕಗಳನ್ನು ನೆರಳಿನಲ್ಲಿ, ಗಾಳಿಯಲ್ಲಿ ಆರಿಸಿ, ಬಿಸಿಲಿಗೆ ಹಾಕಬೇಡಿ. ನುಸಿಗುಳಿಗೆ ಹಾಕಿದ ಮಾತ್ರಕ್ಕೆ ಬೂಸ್ಟು ನಿಲ್ಲುವುದಿಲ್ಲ.

ಮುಳ್ಳೇರಿಯದ ಕಾರ್ಯದರ್ಶಿ

ನಾನು ಬಹಳ ಕಾಲದಿಂದ ಒಂದು ಗ್ರಂಥಾಲಯದ ಕಾರ್ಯದರ್ಶಿಯಾಗಿರುವವನು. ಹಿರಿಯರ ಮಾತನ್ನು ಒಪ್ಪುತ್ತಲೇ ಸಮಿತಿಯ ಕಡೆಯ ಮಾತನ್ನೂ ಹೇಳಬೇಕೆನಿಸುತ್ತದೆ.

ನಮ್ಮ ವ್ಯವಸ್ಥೆಯಲ್ಲಿ ಸಮಿತಿಗೆ ಇಷ್ಟೊಂದು ಮಹತ್ವ ಇರುವುದು ಕಾರಣವಿಲ್ಲದೆ ಅಲ್ಲ. 1945ರಲ್ಲಿ ಕೇರಳದ ಗ್ರಂಥಾಲಯ ಚಳವಳಿಯ ನೇತಾರ ಪಿ. ಎನ್. ಪಣಿಕ್ಕರ್ ಅವರು ಅಂಬಲಪ್ಪುಳದಲ್ಲಿ 47 ಗ್ರಂಥಾಲಯಗಳನ್ನು ಸೇರಿಸಿ ಸಂಘ ಕಟ್ಟಿದಾಗ, ಗ್ರಂಥಾಲಯ ಸರಕಾರದ್ದಲ್ಲ, ಊರಿನದು ಎಂಬ ತಿಳಿವಳಿಕೆಯ ಮೇಲೆಯೇ ಕಟ್ಟಿದರು. ಆ ಸಂಘಕ್ಕೆ 1975ರಲ್ಲಿ ಯುನೆಸ್ಕೋದ ಕ್ರುಪ್‌ಸ್ಕಾಯಾ ಪ್ರಶಸ್ತಿ ಬಂದದ್ದು ಸಾಕ್ಷರತೆಗೆ ಸಂದ ಗೌರವ, ಅದರ ಹಿಂದೆ ಇದ್ದವರು ಸಂಬಳವಿಲ್ಲದೆ ದುಡಿದ ಊರೂರಿನ ಸಮಿತಿಗಳು. 1989ರ ಕೇರಳ ಸಾರ್ವಜನಿಕ ಗ್ರಂಥಾಲಯ ಕಾಯಿದೆ ಬಂದಾಗಲೂ ತಾಲೂಕು, ಜಿಲ್ಲೆ, ರಾಜ್ಯ ಎಂಬ ಮೂರು ಹಂತದ ಚುನಾಯಿತ ಕೌನ್ಸಿಲುಗಳಿಗೆ ಹೊಣೆ ಕೊಟ್ಟರೇ ಹೊರತು ಅದನ್ನು ಒಂದು ಸರಕಾರಿ ಇಲಾಖೆಯಾಗಿ ಮಾಡಲಿಲ್ಲ. ಕಟ್ಟಡ ತೆರಿಗೆಯ ಮೇಲೆ ಜನರು ಕೊಡುವ ಶೇಕಡಾ 5ರ ಗ್ರಂಥಾಲಯ ಸೆಸ್ ಈ ಚುನಾಯಿತ ವ್ಯವಸ್ಥೆಯ ಆಧಾರ. ಲೆಕ್ಕದಲ್ಲಿ ತಪ್ಪಾದರೆ ಉತ್ತರ ಹೇಳಬೇಕಾದವರು ಗ್ರಂಥಪಾಲಕರಲ್ಲ, ಕಾರ್ಯದರ್ಶಿ.

ನೇತೃತ್ವದ ಹೆಸರಿನಲ್ಲಿ ಗ್ರಂಥಪಾಲಕರು ಸಮಿತಿಯನ್ನು ಬದಿಗೆ ಸರಿಸಿ ನೇರವಾಗಿ ಓದುಗರನ್ನು ಒಟ್ಟುಗೂಡಿಸಲು ಹೊರಟರೆ ಊರಿನಲ್ಲಿ ಎರಡು ಪಂಗಡವಾಗುತ್ತದೆ. ಅದನ್ನು ನಾನು ನೋಡಿದ್ದೇನೆ. ಪುಸ್ತಕದ ವಿಷಯ ಎಲ್ಲಿಗೋ ಹೋಗಿ, ಯಾರು ಯಾರ ಕಡೆಯವರು ಎಂಬುದೇ ಮುಖ್ಯವಾಗುತ್ತದೆ. ಆದ್ದರಿಂದ ತಂಗೀ, ಆ ನೋಟುಪುಸ್ತಕವನ್ನು ಮಹಾಸಭೆಯಲ್ಲಿ ತೆರೆಯುವ ಮೊದಲು ನಿಮ್ಮ ಕಾರ್ಯದರ್ಶಿಗಳ ಮುಂದೆ ತೆರೆಯಿರಿ. ಅವರಿಗೆ ಮೊದಲೇ ಗೊತ್ತಿಲ್ಲದ ಯಾವುದನ್ನೂ ಹತ್ತು ಜನರ ಎದುರು ಹೇಳಬೇಡಿ.

ಬದಿಯಡ್ಕದ ಕನ್ನಡ ಅಧ್ಯಾಪಕಿ

ಕಾರ್ಯದರ್ಶಿಗಳ ಮಾತು ಸರಿ, ಆದರೆ ಅದರಲ್ಲಿ ಒಂದು ಅಂಶ ಬಿಟ್ಟುಹೋಗಿದೆ. ಊರಿನದು ಎನ್ನುವಾಗ ಊರಿನ ಯಾರದು? ಸಂಜೆ ಆರರಿಂದ ಎಂಟರವರೆಗೆ ತೆರೆಯುವ ಗ್ರಂಥಾಲಯಕ್ಕೆ ಹೆಣ್ಣುಮಕ್ಕಳು ಬರುವುದಾದರೂ ಹೇಗೆ? ಮಳೆಗಾಲದಲ್ಲಿ ಆ ಹೊತ್ತಿಗೆ ಕತ್ತಲಾಗಿ, ಕೊನೆಯ ಬಸ್ಸೂ ಹೋಗಿರುತ್ತದೆ. ವೇಳೆ ನಿಶ್ಚಯಿಸಿದವರು ಆ ವೇಳೆಗೆ ಬಿಡುವಿರುವವರು, ಬೇರೆ ವೇಳೆ ಬೇಕಾದವರು ಸಮಿತಿಯಲ್ಲಿ ಇರಲಿಲ್ಲ, ಅಷ್ಟೇ. ಇದನ್ನು ಯಾರ ಮೇಲೂ ದೂರಾಗಿ ಹೇಳುತ್ತಿಲ್ಲ. ಆದರೆ ಬಾರದವರ ಪರವಾಗಿ ಸಭೆಯಲ್ಲಿ ಮಾತನಾಡುವುದು ಗ್ರಂಥಪಾಲಕರ ಕರ್ತವ್ಯವಲ್ಲದೆ ಇನ್ಯಾರದು?

ನಮ್ಮ ಶಾಲೆಯಲ್ಲಿ ಗ್ರಂಥಾಲಯದ ಹೊಣೆ ಅಧ್ಯಾಪಕರ ಮೇಲೆಯೇ ಇದೆ. ಕಪಾಟಿನಲ್ಲಿ ಬೆನ್ನು ಮಾತ್ರ ಕಾಣುವಂತೆ ಜೋಡಿಸಿದ ಪುಸ್ತಕಗಳನ್ನು ಮಕ್ಕಳು ಮುಟ್ಟುತ್ತಿರಲಿಲ್ಲ. ಒಂದು ಉದ್ದನೆಯ ಬೆಂಚಿನ ಮೇಲೆ ಮುಖಪುಟ ಮೇಲಾಗಿ ಹರಡಿಟ್ಟಾಗ, ಅದುವರೆಗೆ ತರಗತಿಯಲ್ಲಿ ಬಾಯಿ ಬಿಡದಿದ್ದ ಐದನೆಯ ತರಗತಿಯ ಒಬ್ಬ ಹುಡುಗಿ ಹಕ್ಕಿಗಳ ಚಿತ್ರವಿದ್ದ ಪುಸ್ತಕವೊಂದನ್ನು ಎತ್ತಿಕೊಂಡು, ಅದರ ಹಾಳೆಗಳನ್ನು ನಿಂತಲ್ಲೇ ಮಗುಚುತ್ತಿದ್ದಳು. ಮನೆಯಲ್ಲಿ ತುಳು ಮಾತನಾಡುವ ಮಗು, ಬಸ್ಸಿನ ಬೋರ್ಡಿನಲ್ಲಿ ಮಲಯಾಳ ನೋಡುತ್ತದೆ, ಶಾಲೆಯಲ್ಲಿ ಕನ್ನಡ ಓದುತ್ತದೆ. ಹಕ್ಕಿಯ ಹೆಸರನ್ನು ನನಗೆ ತುಳುವಿನಲ್ಲಿ ಹೇಳಿ, ಪುಸ್ತಕದಲ್ಲಿ ಕನ್ನಡದ ಹೆಸರನ್ನು ಅಕ್ಷರ ಕೂಡಿಸಿ ಓದಿದಳು. ಕಾಸರಗೋಡಿನ ಗ್ರಂಥಪಾಲಕರು ಈ ಮೂರು ಭಾಷೆಗಳ ನಡುವೆ ಬದುಕುವ ಮಗುವನ್ನು ಮನಸ್ಸಿನಲ್ಲಿಟ್ಟುಕೊಂಡು ಕಪಾಟು ಜೋಡಿಸಬೇಕು. ಕನ್ನಡ ಮಾಧ್ಯಮದಲ್ಲಿ ಓದುವ ಮಕ್ಕಳಿಗೆ ಪಠ್ಯದಾಚೆ ಕನ್ನಡ ಪುಸ್ತಕ ಕೈಗೆ ಸಿಗುವ ಜಾಗ ಅನೇಕ ಊರುಗಳಲ್ಲಿ ಈ ಗ್ರಂಥಾಲಯ ಒಂದೇ.

ಲೈಬ್ರರಿ ಕೌನ್ಸಿಲಿನ ಗ್ರಂಥಾಲಯಗಳಲ್ಲಿ ಮಕ್ಕಳ, ಮಹಿಳೆಯರ ಕೂಟಗಳಾದ ಬಾಲವೇದಿ, ವನಿತಾ ವೇದಿಗಳಿಗೆ ಅವಕಾಶವಿದೆ, ಮನೆಮನೆಗೆ ಹೋಗಿ ಮಹಿಳೆಯರಿಗೆ ಪುಸ್ತಕ ಕೊಡುವ ಪದ್ಧತಿಯೂ ಇದೆ. ಪೆರ್ಲದ ಅಕ್ಕ ಆರಂಭಿಸಬೇಕಾದದ್ದು ಅಲ್ಲಿಂದ ಎಂದು ನನ್ನ ಅಭಿಪ್ರಾಯ. ಜೂನ್ 19ರಂದು ಪಣಿಕ್ಕರ್ ಅವರ ನೆನಪಿನಲ್ಲಿ ಆರಂಭವಾಗುವ ವಾಚನ ಪಕ್ಷಾಚರಣೆಗೆ (ಓದಿನ ಪಕ್ಷಕ್ಕೆ) ಶಾಲೆಗಳು ಹೇಗೂ ಕಾರ್ಯಕ್ರಮ ಹುಡುಕುತ್ತಿರುತ್ತವೆ. ಆ ದಿನಗಳಲ್ಲಿ ಒಂದು ತರಗತಿಯನ್ನು ಗ್ರಂಥಾಲಯಕ್ಕೇ ಕರೆಸಿಕೊಳ್ಳಿ. ಭಾಷಣ ಬೇಡ, ಪುಸ್ತಕ ಹರಡಿಡಿ, ಹೋಗುವಾಗ ಪ್ರತಿ ಮಗುವಿಗೂ ಒಂದನ್ನು ಎರವಲು ಕೊಡಿ. ಹಿಂದಿರುಗಿಸಲು ಮಗು ತಾಯಿಯನ್ನು ಕರೆದುಕೊಂಡು ಬರುತ್ತದೆ.

ಹೊಸೂರಿನ ಓದುಗ

ತಮಿಳುನಾಡಿನ ಗಡಿಯಿಂದ ಒಂದೆರಡು ಮಾತು. ನಮ್ಮಲ್ಲಿ ವ್ಯವಸ್ಥೆ ಬೇರೆ. ಸ್ವತಂತ್ರ ಭಾರತದ ಮೊದಲ ಗ್ರಂಥಾಲಯ ಕಾಯಿದೆಯಾದ 1948ರ ಮದ್ರಾಸು ಕಾಯಿದೆಯ ಕೆಳಗೆ ಜಿಲ್ಲೆಗೊಂದು ಸ್ಥಳೀಯ ಗ್ರಂಥಾಲಯ ಪ್ರಾಧಿಕಾರ ಇದೆ, ಶಾಖಾ ಗ್ರಂಥಾಲಯಗಳ ಗ್ರಂಥಪಾಲಕರು ಇಲಾಖೆಯ ನೌಕರರು, ಆಸ್ತಿ ತೆರಿಗೆಯ ಮೇಲಿನ ಸೆಸ್ ಶೇಕಡಾ 10. ಆ ಕಾಯಿದೆ ಬಂದಾಗ ಕಾಸರಗೋಡೂ ಮದ್ರಾಸು ಪ್ರಾಂತ್ಯದಲ್ಲೇ ಇತ್ತು ಎಂಬುದನ್ನು ನೆನೆದರೆ ನಮ್ಮಿಬ್ಬರ ಗ್ರಂಥಾಲಯಗಳೂ ಒಂದೇ ಮನೆಯಿಂದ ಹೊರಟವು. 1956ರ ನವೆಂಬರ್ 1ರ ಬಳಿಕ ದಾರಿ ಬೇರೆಯಾಯಿತು.

ನಮ್ಮ ಗ್ರಂಥಪಾಲಕರಿಗೆ ಸಮಿತಿಯ ತೊಡಕಿಲ್ಲ, ಆದರೆ ಸಮಿತಿಯ ಬಲವೂ ಇಲ್ಲ. ವರ್ಗಾವಣೆಯಾಗಿ ಬಂದವರು ಊರನ್ನು ಅರಿಯುವಷ್ಟರಲ್ಲಿ ಮುಂದಿನ ವರ್ಗಾವಣೆ ಬರುತ್ತದೆ. ಈ ಕೊರತೆಯನ್ನು ತುಂಬುವುದು ‘ವಾಸಗರ್ ವಟ್ಟಂ’ ಎಂಬ ಓದುಗರ ಬಳಗ. ಬಳಗ ಗಟ್ಟಿಯಾಗಿರುವ ಕಡೆ ಕನ್ನಡ, ತೆಲುಗು ಪುಸ್ತಕಗಳ ಬೇಡಿಕೆ ಮೇಲಿನವರೆಗೆ ಮುಟ್ಟುತ್ತದೆ, ಬಳಗವಿಲ್ಲದ ಕಡೆ ಕನ್ನಡದ ಕಪಾಟು ಹಳತಾಗುತ್ತಲೇ ಹೋಗುತ್ತದೆ. ಕಾಸರಗೋಡಿನವರಿಗೆ ಸಮಿತಿ ಕಾಯಿದೆಯಿಂದಲೇ ಸಿಕ್ಕಿದೆ. ಅದು ಭಾರವಾಗಿ ಕಂಡರೂ ಬಿಟ್ಟುಕೊಡಬೇಡಿ, ಓದುಗರಲ್ಲಿ ಇಬ್ಬರು ಮೂವರು ಮುಂದಿನ ಚುನಾವಣೆಯಲ್ಲಿ ಸಮಿತಿಗೆ ಬರುವಂತೆ ಹುರಿದುಂಬಿಸಿ. ಹುರಿದುಂಬಿಸುವುದು ಪಂಗಡ ಕಟ್ಟುವುದಲ್ಲ ಎಂದು ಕಾರ್ಯದರ್ಶಿಗಳೂ ಒಪ್ಪುವರೆಂದುಕೊಳ್ಳುತ್ತೇನೆ.

ಮುಳ್ಳೇರಿಯದ ಕಾರ್ಯದರ್ಶಿ

ಖಂಡಿತ ಒಪ್ಪುತ್ತೇನೆ. ನಮ್ಮ ಸಮಿತಿಗೆ ಇಬ್ಬರು ಮಹಿಳೆಯರು ಬಂದ ಮೇಲೆಯೇ ಭಾನುವಾರ ಬೆಳಿಗ್ಗೆ ತೆರೆಯುವ ನಿರ್ಣಯವಾದದ್ದು. ವೇಳೆಯ ಬಗ್ಗೆ ಅಧ್ಯಾಪಕಿಯವರು ಹೇಳಿದ್ದನ್ನು ನಾನು ಮೊದಲ ಬರಹದಲ್ಲಿ ಸೇರಿಸಬೇಕಿತ್ತು.

ಮಂಜೇಶ್ವರದ ಲಿಪಿಕಾರ

ಗಣಕೀಕರಣದ ಮಾತು ಇನ್ನೂ ಯಾರೂ ಎತ್ತಿಲ್ಲ, ಆದ್ದರಿಂದ ಬರೆಯುತ್ತಿದ್ದೇನೆ. ಕೆಲವು ಗ್ರಂಥಾಲಯಗಳಿಗೆ ಗ್ರಂಥಾಲಯ ನಿರ್ವಹಣೆಯ ಕೋಹಾ ತಂತ್ರಾಂಶ ಅಳವಡಿಸಿಕೊಡುವ ಕೆಲಸದಲ್ಲಿ ಜತೆಯಾದವನು ನಾನು. ನ್ಯೂಜಿಲೆಂಡಿನ ಒಂದು ಸಣ್ಣ ಗ್ರಂಥಾಲಯ ಸಂಸ್ಥೆಗಾಗಿ ತಯಾರಾಗಿ 2000ದಲ್ಲಿ ಬಳಕೆಗೆ ಬಂದ ಈ ತಂತ್ರಾಂಶ ಉಚಿತ, ಮುಕ್ತ, ಯುನಿಕೋಡ್ ಕನ್ನಡವನ್ನು ಚೆನ್ನಾಗಿ ನಿಭಾಯಿಸುತ್ತದೆ. ತೊಡಕು ತಂತ್ರಾಂಶದ್ದಲ್ಲ, ನಾವು ಅದಕ್ಕೆ ಉಣಿಸುವ ಮಾಹಿತಿಯದು.

ಒಂದು ಉದಾಹರಣೆ ಕೊಡುತ್ತೇನೆ. ನಮ್ಮ ಜಿಲ್ಲೆಯ ಹಿರಿಯ ಕವಿ ಕಯ್ಯಾರ ಕಿಞ್ಞಣ್ಣ ರೈಯವರ ಪುಸ್ತಕಗಳನ್ನು ಒಂದೇ ಗ್ರಂಥಾಲಯದ ರಿಜಿಸ್ಟರಿನಲ್ಲಿ ‘ಕಿಞ್ಞಣ್ಣ’, ‘ಕಿಂಞಣ್ಣ’, ‘ಕಿಂಜಣ್ಣ’ ಎಂದು ಮೂರು ಬಗೆಯಲ್ಲಿ ಬರೆದದ್ದನ್ನು ಕಂಡೆ. ಕೆಲವೆಡೆ ‘ರೈ’ ಮೊದಲು, ಕೆಲವೆಡೆ ‘ಕಯ್ಯಾರ’ ಮೊದಲು. ಗೋವಿಂದ ಪೈಯವರದೂ ಹೀಗೆಯೇ, ‘ಮಂಜೇಶ್ವರ ಗೋವಿಂದ ಪೈ’, ‘ಎಂ. ಗೋವಿಂದ ಪೈ’, ‘ಪೈ, ಗೋವಿಂದ’. ಇದ್ದಂತೆಯೇ ಗಣಕಕ್ಕೆ ಏರಿಸಿದರೆ ಹುಡುಕುವ ಓದುಗರಿಗೆ ಮೂರನೆಯ ಒಂದು ಪಾಲು ಪುಸ್ತಕ ಮಾತ್ರ ಕಾಣುತ್ತದೆ, ಉಳಿದದ್ದು ಗ್ರಂಥಾಲಯದಲ್ಲಿ ಇಲ್ಲವೆಂದೇ ಅವರು ತಿಳಿಯುತ್ತಾರೆ. ಆದ್ದರಿಂದ ಒಂದು ಅಕ್ಷರ ಟೈಪು ಮಾಡುವ ಮೊದಲು, ಲೇಖಕರ ಹೆಸರುಗಳ ಒಂದೇ ಪಟ್ಟಿ ಮಾಡಿ, ಪ್ರತಿಯೊಬ್ಬರಿಗೂ ಒಂದು ಸ್ಥಿರ ರೂಪ ಗೊತ್ತು ಮಾಡಿ, ಉಳಿದ ರೂಪಗಳಿಂದ ಅದಕ್ಕೆ ದಾರಿ ತೋರಿಸಬೇಕು. ಈ ಪಟ್ಟಿಯನ್ನು ಗಡಿನಾಡಿನ ಗ್ರಂಥಾಲಯಗಳು ಒಟ್ಟಾಗಿ ಮಾಡಿದರೆ ಪ್ರತಿಯೊಬ್ಬರ ಶ್ರಮವೂ ಉಳಿಯುತ್ತದೆ.

ಇನ್ನೊಂದು ಸಂಗತಿ. ಹಳೆಯ ಪಟ್ಟಿಯನ್ನು ಯಾರಾದರೂ ನುಡಿ ಅಥವಾ ಬರಹದ ಹಳೆಯ ಫಾಂಟಿನಲ್ಲಿ ಟೈಪು ಮಾಡಿಟ್ಟಿದ್ದರೆ ಅದನ್ನು ಯುನಿಕೋಡಿಗೆ ಪರಿವರ್ತಿಸಿ, ಪರಿವರ್ತಿಸಿದ ಮೇಲೆ ಸಾಲು ಸಾಲಾಗಿ ಓದಿ ನೋಡಿ. ಒತ್ತಕ್ಷರ, ಅರ್ಕಾವತ್ತು ಇರುವಲ್ಲಿ ದೋಷ ನುಸುಳುತ್ತದೆ. ವರ್ಗಸಂಖ್ಯೆ, ಪುಸ್ತಕಗಳನ್ನು ವಿಷಯವಾರು ಅಂಕೆಗಳಲ್ಲಿ ವಿಂಗಡಿಸುವ ಡ್ಯೂಯಿ ಪದ್ಧತಿಯದಾಗಿದ್ದರೆ, ಕನ್ನಡ ಸಾಹಿತ್ಯಕ್ಕೆ 894.814, ಮಲಯಾಳಕ್ಕೆ 894.812. ಕೊನೆಯ ಒಂದು ಅಂಕೆಯ ವ್ಯತ್ಯಾಸದಿಂದ ಪುಸ್ತಕ ಬೇರೆ ಭಾಷೆಯ ಕಪಾಟಿಗೆ ಹೋಗಿ ಕೂರುವುದನ್ನು ನಮ್ಮ ಜಿಲ್ಲೆಯಲ್ಲಿ ಬಹಳ ಕಡೆ ನೋಡಬಹುದು. ‘ಕಳೆದುಹೋದ’ ಪುಸ್ತಕಗಳಲ್ಲಿ ಕೆಲವು ಹೀಗೆ ಅಲ್ಲಿಯೇ ಸಿಗುತ್ತವೆ.

ಪೆರ್ಲದ ಗ್ರಂಥಪಾಲಕಿ

ಇಷ್ಟು ಕಾಳಜಿಯಿಂದ ಬರೆದ ಎಲ್ಲರಿಗೂ ಕೃತಜ್ಞತೆಗಳು. ಈ ಚರ್ಚೆ ನಡೆಯುತ್ತಿರುವಾಗಲೇ ಕೆಲವು ಕೆಲಸಗಳನ್ನು ಆರಂಭಿಸಿದ್ದೇನೆ. ಸಿಗದ ಪುಸ್ತಕಗಳ ನೋಟುಪುಸ್ತಕ ಮೇಜಿನ ಮೇಲಿದೆ. ನಮ್ಮ ಕಾರ್ಯದರ್ಶಿಗಳಿಗೆ ಅದನ್ನು ತೋರಿಸಿದಾಗ ಅವರು ಮೌನವಾಗಿ ಪುಟ ಮಗುಚಿ, ಯಕ್ಷಗಾನ ಪ್ರಸಂಗಗಳ ಹಳೆಯ ಪ್ರತಿಗಳಿಗಾಗಿ ಮತ್ತೆ ಮತ್ತೆ ಬಂದವರ ಸಾಲುಗಳ ಮೇಲೆ ಬೆರಳಿಟ್ಟು, ‘ಇವು ನಮ್ಮಲ್ಲಿ ಇವೆಯಲ್ಲ’ ಎಂದರು. ಇವೆ, ಬೀಗದ ಒಳಗೆ ಇವೆ. ಸ್ಟಾಕ್ ಪರಿಶೀಲನೆಗೆ ಮುಂದಿನ ಭಾನುವಾರ ಅವರೇ ಬರುವುದಾಗಿ ಹೇಳಿದ್ದಾರೆ.

ಈಗ ನನ್ನಲ್ಲಿ ಎರಡು ಪ್ರಶ್ನೆಗಳಿವೆ. ಬೀಗ ತೆಗೆದರೆ ಪುಸ್ತಕ ಕಳೆದುಹೋಗುತ್ತದೆ ಎಂಬ ಅವರ ಭಯ ಸುಳ್ಳಲ್ಲ, ಅದಕ್ಕೆ ಏನು ಉತ್ತರ ಕೊಡಲಿ? ಮತ್ತು ಗ್ರಂಥಾಲಯದ ಶ್ರೇಣಿ ನಿರ್ಣಯದಲ್ಲಿ ಪುಸ್ತಕಗಳ ಸಂಖ್ಯೆಯನ್ನೂ ನೋಡುತ್ತಾರೆ. ಪರಿಶೀಲನೆಯಲ್ಲಿ ಇಲ್ಲವೆಂದು ಕಂಡ ಪುಸ್ತಕಗಳನ್ನು ರಿಜಿಸ್ಟರಿನಿಂದ ತೆಗೆದರೆ ಶ್ರೇಣಿ ಇಳಿದು ಅನುದಾನ ಕಡಿಮೆಯಾಗಬಹುದೆಂದು ಸಮಿತಿಯವರು ಹಿಂಜರಿಯುತ್ತಿದ್ದಾರೆ.

ಅಕ್ಕಲಕೋಟೆಯ ವಾಚಕ

ಮೊದಲನೆಯ ಪ್ರಶ್ನೆಗೆ ನಮ್ಮ ಕಡೆಯ ಅನುಭವ ಹೇಳುತ್ತೇನೆ. ಮಹಾರಾಷ್ಟ್ರದಲ್ಲಿ 1967ರ ಕಾಯಿದೆಯಿದೆ. ಸಂಘ ಸಂಸ್ಥೆಗಳು ನಡೆಸುವ ಗ್ರಂಥಾಲಯಗಳಿಗೆ ಅ, ಬ, ಕ, ಡ ಎಂಬ ವರ್ಗಗಳ ಪ್ರಕಾರ ಸರಕಾರ ಅನುದಾನ ಕೊಡುತ್ತದೆ, ನಿಮ್ಮಂತೆ ಸೆಸ್ ಇಲ್ಲ. ಸೊಲ್ಲಾಪುರದ ಕಡೆಯ ನಮ್ಮಲ್ಲಿ ಮನೆಮಾತು ಕನ್ನಡವಾದರೂ ಗ್ರಂಥಾಲಯದಲ್ಲಿ ಮರಾಠಿ ಪುಸ್ತಕಗಳೇ ಹೆಚ್ಚು.

ಮರಾಠಿ ಗ್ರಂಥಾಲಯಗಳಿಂದ ನಾನು ಕಲಿತದ್ದು ದಿವಾಳಿ ಅಂಕಗಳ ಪದ್ಧತಿ. ಪ್ರತಿ ದೀಪಾವಳಿಗೆ ಹೊರಬರುವ ವಿಶೇಷಾಂಕಗಳನ್ನು ಒಟ್ಟಿಗೆ ತರಿಸಿ, ಅವುಗಳಿಗೆಂದೇ ಕೆಲವು ತಿಂಗಳ ಬೇರೆ ಸದಸ್ಯತ್ವ ಮಾಡಿ, ಅಂಕಗಳು ಕೈಯಿಂದ ಕೈಗೆ ಓಡಾಡುವಂತೆ ನೋಡಿಕೊಳ್ಳುತ್ತಾರೆ. ವಾರದೊಳಗೆ ಹಿಂದಿರುಗಿಸದಿದ್ದರೆ ಸರದಿಯಲ್ಲಿ ಕಾಯುತ್ತಿರುವ ನೆರೆಮನೆಯವರೇ ಹೋಗಿ ಕೇಳುತ್ತಾರೆ. ಓದುಗರು ಹೆಚ್ಚಿರುವ ಪುಸ್ತಕದ ಮೇಲೆ ಕಣ್ಣಿಟ್ಟವರೂ ಹೆಚ್ಚಿರುತ್ತಾರೆ. ಕನ್ನಡದಲ್ಲಿಯೂ ದೀಪಾವಳಿ, ಯುಗಾದಿ ವಿಶೇಷಾಂಕಗಳು ಬರುತ್ತವೆ, ಕಾಸರಗೋಡಿನಲ್ಲಿ ಇದನ್ನು ಮಾಡಿ ನೋಡಬಹುದು. ಖರ್ಚು ಕಡಿಮೆ, ಸಮಿತಿಗೆ ಭಯವಿಲ್ಲ, ಗ್ರಂಥಪಾಲಕರು ಹೊಣೆ ಹೊತ್ತು ಒಂದು ಕೆಲಸವನ್ನು ಆರಂಭದಿಂದ ಕೊನೆಯವರೆಗೆ ನಡೆಸಿ ತೋರಿಸಲು ಅವಕಾಶ. ಅದು ಕೈಗೂಡಿದರೆ ಬೀಗದ ಮಾತು ಸುಲಭವಾಗುತ್ತದೆ.

ನಿವೃತ್ತ ಗ್ರಂಥಪಾಲಕ, ಕಾಸರಗೋಡು

ಅಕ್ಕಲಕೋಟೆಯವರ ಸಲಹೆ ಬಹಳ ಒಳ್ಳೆಯದು. ಬೀಗದ ಬಗ್ಗೆ ಇನ್ನೊಂದು ಮಾತು ಸೇರಿಸುತ್ತೇನೆ. ಎಲ್ಲವನ್ನೂ ತೆರೆಯಿರಿ ಎಂದು ಕೇಳಬೇಡಿ. ಅಪರೂಪದ, ಮರುಮುದ್ರಣವಾಗದ, ಹಾಳೆ ಪುಡಿಯಾಗುವ ಪುಸ್ತಕಗಳನ್ನು ನೀವೇ ಆರಿಸಿ ಬೇರೆ ಇಡಿ, ಅವು ಅಲ್ಲಿಯೇ ಕುಳಿತು ಓದುವಂಥವು. ಉಳಿದದ್ದರಲ್ಲಿ ಒಂದೇ ಒಂದು ಕಪಾಟನ್ನು, ಆರು ತಿಂಗಳ ಮಟ್ಟಿಗೆ, ತೆರೆದಿಡಲು ಒಪ್ಪಿಗೆ ಕೇಳಿ. ಆರು ತಿಂಗಳ ಮೊದಲಿನ ಎರವಲು ಸಂಖ್ಯೆ, ಅನಂತರದ ಎರವಲು ಸಂಖ್ಯೆ, ಕಳೆದುಹೋದದ್ದು ಎಷ್ಟು ಎಂಬುದನ್ನು ನಡಾವಳಿಯಲ್ಲೇ ದಾಖಲಿಸಿ. ಕಳೆದುಹೋದದ್ದಿದ್ದರೆ ಅದನ್ನೂ ಮುಚ್ಚಿಡದೆ ಬರೆಯಿರಿ. ಸಮಿತಿಗೆ ಅಹಿತವಾದ ಅಂಕಿಯನ್ನು ನೀವೇ ಮುಂದಿಟ್ಟ ದಿನದಿಂದ ನಿಮ್ಮ ಉಳಿದ ಅಂಕಿಗಳನ್ನು ಅವರು ನಂಬತೊಡಗುತ್ತಾರೆ.

ಎರಡನೆಯ ಪ್ರಶ್ನೆಯಲ್ಲಿ ನನ್ನ ನಿಲುವು ಸ್ಪಷ್ಟ. ಇಲ್ಲದ ಪುಸ್ತಕವನ್ನು ಇದೆಯೆಂದು ತೋರಿಸಬಾರದು. ಶ್ರೇಣಿಗೆ ಸದಸ್ಯರು, ವಿತರಣೆ, ಚಟುವಟಿಕೆಗಳೂ ಲೆಕ್ಕಕ್ಕೆ ಬರುತ್ತವೆ, ಅಲ್ಲಿ ಬೆಳೆಯಲು ನಿಮಗೆ ಬೇಕಾದಷ್ಟು ಅವಕಾಶವಿದೆ. ಕ್ರಮ ಹೇಗಿರಬೇಕೆಂದು ಕಾರ್ಯದರ್ಶಿಗಳು ನನಗಿಂತ ಚೆನ್ನಾಗಿ ಹೇಳಬಲ್ಲರು.

ಮುಳ್ಳೇರಿಯದ ಕಾರ್ಯದರ್ಶಿ

ಹೇಳುತ್ತೇನೆ. ಪರಿಶೀಲನೆ ಮುಗಿದ ಕೂಡಲೇ ಯಾವುದನ್ನೂ ರಿಜಿಸ್ಟರಿನಲ್ಲಿ ಹೊಡೆದುಹಾಕಬೇಡಿ. ಕಾಣದ ಪುಸ್ತಕಗಳ ಪಟ್ಟಿ ಮಾಡಿ, ಮೊದಲು ಇಶ್ಯೂ ರಿಜಿಸ್ಟರಿನ ಜತೆ ತಾಳೆ ನೋಡಿ. ಎಷ್ಟೋ ಪುಸ್ತಕಗಳು ಹಳೆಯ ಸದಸ್ಯರ ಮನೆಯ ಅಟ್ಟದಲ್ಲಿ ಇರುತ್ತವೆ. ಅವರ ಮನೆಗೆ ನೋಟೀಸು ಕಳುಹಿಸುವ ಬದಲು ಸಮಿತಿಯ ಒಬ್ಬ ಸದಸ್ಯರೂ ನೀವೂ ಜತೆಯಾಗಿ ಹೋಗಿ ಕೇಳಿ. ದಂಡದ ಮಾತೆತ್ತದೆ, ಇಂಥ ದಿನಾಂಕದೊಳಗೆ ಹಿಂದಿರುಗಿಸಿದವರಿಗೆ ವಿಳಂಬ ಶುಲ್ಕವಿಲ್ಲ ಎಂದು ಗ್ರಂಥಾಲಯದ ಬಾಗಿಲಲ್ಲಿಯೂ ಹಾಲಿನ ಸೊಸೈಟಿಯಲ್ಲಿಯೂ ಕನ್ನಡ, ಮಲಯಾಳ ಎರಡರಲ್ಲಿಯೂ ಬರೆದು ಅಂಟಿಸಿ. ಮಂಜೇಶ್ವರದವರು ಹೇಳಿದಂತೆ ಬೇರೆ ಭಾಷೆಯ ಕಪಾಟುಗಳನ್ನೂ ಒಮ್ಮೆ ಜಾಲಾಡಿ.

ಅದಾದ ಮೇಲೂ ಸಿಗದೆ ಉಳಿದದ್ದನ್ನು ಬೂಸ್ಟು ಹಿಡಿದು ಓದಲಾಗದಂತಾದವುಗಳಿಂದ ಬೇರೆಯಾಗಿ ಪಟ್ಟಿ ಮಾಡಿ. ಎರಡು ಪಟ್ಟಿಗಳನ್ನೂ ಕಾರ್ಯಕಾರಿ ಸಮಿತಿಯ ಮುಂದಿಟ್ಟು ನಿರ್ಣಯ ಮಾಡಿಸಿ, ತಾಲೂಕು ಲೈಬ್ರರಿ ಕೌನ್ಸಿಲನ್ನು ವಿಚಾರಿಸಿ, ಅವರು ಹೇಳಿದ ಕ್ರಮದಲ್ಲಿಯೇ ರಿಜಿಸ್ಟರಿನಲ್ಲಿ ಕೆಂಪು ಶಾಯಿಯಿಂದ ನಿರ್ಣಯದ ಸಂಖ್ಯೆ, ದಿನಾಂಕ ನಮೂದಿಸಿ. ಹಳೆಯ ಸಂಖ್ಯೆಯನ್ನು ಹೊಸ ಪುಸ್ತಕಕ್ಕೆ ಎಂದೂ ಕೊಡಬೇಡಿ. ಕೌನ್ಸಿಲಿಗೆ ಬರೆಯುವ ಪತ್ರ ಕನ್ನಡದಲ್ಲಿಯೇ ಇರಲಿ.

ನಿಮ್ಮ ಮುಂದಿನ ಸಭೆಯ ಕಾರ್ಯಸೂಚಿಯಲ್ಲಿ ‘ಗ್ರಂಥಪಾಲಕರ ವರದಿ’ ಎಂಬ ಒಂದು ವಿಷಯವನ್ನು ಸೇರಿಸುವಂತೆ ನಿಮ್ಮ ಕಾರ್ಯದರ್ಶಿಗಳನ್ನು ಕೇಳಿಕೊಳ್ಳಿ. ಒಂದು ಪುಟಕ್ಕಿಂತ ಹೆಚ್ಚಾಗಬಾರದು, ಸಭೆಗೆ ಮೂರು ದಿನ ಮೊದಲೇ ಎಲ್ಲರ ಕೈಸೇರಬೇಕು. ಸಭೆಯಲ್ಲಿ ಅದನ್ನು ನೀವೇ ಎದ್ದು ನಿಂತು ಓದಿ, ಆ ದಿನದ ನಡಾವಳಿ ಬರೆಯುವ ಕೆಲಸವನ್ನು ಬೇರೊಬ್ಬ ಸದಸ್ಯರು ಮಾಡಲಿ.

ಪೆರ್ಲದ ಗ್ರಂಥಪಾಲಕಿ

ಹಾಗೆಯೇ ಮಾಡುತ್ತೇನೆ. ವರದಿಯ ಕರಡನ್ನು ಶುಕ್ರವಾರದೊಳಗೆ ಇಲ್ಲಿಯೇ ಹಾಕುತ್ತೇನೆ, ತಿದ್ದಿಕೊಡಬೇಕು. ಲೇಖಕರ ಹೆಸರುಗಳ ಪಟ್ಟಿಗೆ ನಮ್ಮ ರಿಜಿಸ್ಟರಿನಿಂದ ‘ಅ’ದಿಂದ ‘ಕ’ದವರೆಗಿನ ಹೆಸರುಗಳನ್ನು ಬರೆದುಕೊಡಲು ನಾನು ಸಿದ್ಧಳಿದ್ದೇನೆ, ‘ಖ’ದಿಂದ ಮುಂದಕ್ಕೆ ಬೇರೆ ಗ್ರಂಥಾಲಯದವರು ಯಾರಾದರೂ ಹೊಣೆ ಹೊರುವಿರಾ?

ಮಂಜೇಶ್ವರದ ಲಿಪಿಕಾರ

‘ಖ’ದಿಂದ ‘ನ’ದವರೆಗೆ ನಮ್ಮ ಕಡೆಯಿಂದ ಆಗುತ್ತದೆ. ಉಳಿದದ್ದಕ್ಕೆ ಕುಂಬಳೆ, ಪೈವಳಿಕೆ ಕಡೆಯವರು ದಯವಿಟ್ಟು ಇಲ್ಲಿ ತಿಳಿಸಿ.